ಕ್ರೀನೋಗ್ ಯಾರು: ಹೆಣ್ಣೇ, ಹೊತ್ತಗೆಯೇ?

ಪ್ರಶ್ನೆ

ಹನ್ನೊಂದನೆಯ ಶತಮಾನದ ಐರ್ಲೆಂಡಿನ ಮಠವಾಸಿ ಕವಿ ಮೈಲ್ ಈಸು ಉಅ ಬ್ರೊಲ್ಖಾನನದೆಂದು ಹೇಳಲಾಗುವ ಹತ್ತು ಪದ್ಯಗಳ ಒಂದು ಕವಿತೆಯನ್ನು ಈಚೆಗೆ ಎರಡು ಬೇರೆ ಬೇರೆ ಇಂಗ್ಲಿಷ್ ಅನುವಾದಗಳಲ್ಲಿ ಓದಿದೆ. ಎರಡನ್ನೂ ಓದಿದ ಮೇಲೆ ನಾನು ಓದಿದ್ದು ಒಂದೇ ಕವಿತೆಯೋ ಎರಡೋ ಎಂಬ ಅನುಮಾನ ಹುಟ್ಟಿತು.

ಕವಿತೆಯು ಕ್ರೀನೋಗ್ ಎಂಬವಳನ್ನು ಕರೆದು ಮಾತಾಡುತ್ತದೆ. ಅವಳ ಹಾಡು ಇಂಪಾದುದು; ಅವಳೀಗ ಎಳೆಯಳಲ್ಲ, ಆದರೂ ಅವಳ ನಾಚಿಕೆ ಮಾಸಿಲ್ಲ. ಬಡಗಣ ದಿಕ್ಕಿನ, ಅಂದರೆ ಐರ್ಲೆಂಡಿನ ಉತ್ತರ ಭಾಗದ, ನಿಯಲನ ನಾಡಿನಲ್ಲಿ ತಾವಿಬ್ಬರೂ ಜೊತೆಯಾಗಿ ಬೆಳೆದುದನ್ನೂ, ಜೊತೆಯಾಗಿಯೇ ನೆಮ್ಮದಿಯಿಂದ ಮಲಗುತ್ತಿದ್ದುದನ್ನೂ ಕವಿ ನೆನೆಯುತ್ತಾನೆ. ಆಗ ಅವನಿಗೆ ಏಳು ವರ್ಷ. ಅವನ ನಂತರ ನಾಲ್ವರು ಗಂಡಸರು ಅವಳೊಡನೆ ಮಲಗಿದರು, ಆದರೂ ಅವಳಿಗೆ ಕಳಂಕ ತಟ್ಟಲಿಲ್ಲ ಎಂದು ಎಲ್ಲರ ಬಾಯಿಂದಲೂ ಕೇಳಿದ್ದೇನೆ ಎನ್ನುತ್ತಾನೆ. ಈಗ ಅವಳು ಅಲೆದು ದಣಿದು, ಮುಖದಲ್ಲಿ ಮುಪ್ಪಿನ ಕಪ್ಪು ಕವಿದು, ಅವನ ಬಳಿಗೆ ಮರಳಿ ಬಂದಿದ್ದಾಳೆ.

ಒಂದು ಅನುವಾದದ ಟಿಪ್ಪಣಿ ಕ್ರೀನೋಗಳನ್ನು ಸನ್ಯಾಸಿಯೊಡನೆ ಬ್ರಹ್ಮಚರ್ಯದಿಂದ ಬಾಳಿದ ಹೆಂಗಸೆಂದು ಹೇಳಿದರೆ, ಇನ್ನೊಂದು ಆಕೆ ಹೆಂಗಸೇ ಅಲ್ಲ, ಬೈಬಲ್ಲಿನ ಕೀರ್ತನೆಗಳ ಒಂದು ಹಳೆಯ ಪ್ರತಿ ಎನ್ನುತ್ತದೆ. ಪುಸ್ತಕವೇ ಆಗಿದ್ದರೆ ಮಠದಲ್ಲಿದ್ದವನೊಬ್ಬ ಹಾಸಿಗೆಯ ಮಾತನ್ನೇ ಏಕೆ ಎತ್ತಿಕೊಂಡ? ಹೆಂಗಸೇ ಆಗಿದ್ದರೆ ಏಳು ವರ್ಷದ ಹುಡುಗನ ಲೆಕ್ಕ ಹೇಗೆ ಹೊಂದುತ್ತದೆ? ಈ ಕವಿತೆ ಅವನದೇ ಎನ್ನಲು ಆಧಾರವೇನು, ಅವನ ಬೇರೆ ಯಾವ ರಚನೆಗಳು ಉಳಿದಿವೆ ಎಂಬುದನ್ನೂ ತಿಳಿದವರು ಹೇಳಬೇಕೆಂದು ವಿನಂತಿ. ಇದನ್ನು ಕನ್ನಡಕ್ಕೆ ತರುವ ಆಸೆಯಿದೆ. ಆದರೆ ‘ಅವಳು’ ಎಂದು ಬರೆಯಬೇಕೋ ‘ಅದು’ ಎಂದು ಬರೆಯಬೇಕೋ ತೀರ್ಮಾನವಾಗದೆ ಮೊದಲ ಸಾಲಿನಲ್ಲೇ ನಿಂತಿದ್ದೇನೆ.

ಮೊದಲ ಉತ್ತರ

ತಾವು ಓದಿದ ಮೊದಲ ಟಿಪ್ಪಣಿಯ ಹಿಂದೆ ಇರುವವರು ಕೂನೋ ಮೇಯರ್. ಪ್ರಾಚೀನ ಐರಿಷ್ ಕವಿತೆಗಳನ್ನು ಇಂಗ್ಲಿಷ್ ಓದುಗರಿಗೆ ಪರಿಚಯಿಸಿದ ಈ ಜರ್ಮನ್ ವಿದ್ವಾಂಸರು 1911ರ ತಮ್ಮ ಸಂಕಲನದಲ್ಲಿ ಕ್ರೀನೋಗಳನ್ನು ಸನ್ಯಾಸಿಯ ‘ಸಹವಾಸಿನಿ’ ಎಂದು ವಿವರಿಸಿದರು. ಪುಸ್ತಕವೆಂಬ ಓದನ್ನು ಮುಂದಿಟ್ಟವರು ಐರಿಷ್ ವಿದ್ವಾಂಸ ಜೇಮ್ಸ್ ಕಾರ್ನಿ, 1940ರ ದಶಕದಲ್ಲಿ. ಇಂದು ಹೆಚ್ಚಿನವರು ಒಪ್ಪುವುದು ಕಾರ್ನಿಯವರನ್ನೇ. ನಾನೂ ಆ ಗುಂಪಿನವನೇ, ಆದರೆ ಮೇಯರ್ ಅವರನ್ನು ತಪ್ಪುದಾರಿ ಹಿಡಿದವರೆಂದು ನಕ್ಕು ಬಿಡುವುದು ನ್ಯಾಯವಲ್ಲ.

ಅವರ ಓದಿಗೆ ಚರಿತ್ರೆಯ ಬೆಂಬಲವಿತ್ತು. ಆದಿ ಕ್ರೈಸ್ತ ಸಮಾಜದಲ್ಲಿ ವ್ರತಸ್ಥ ಸ್ತ್ರೀಪುರುಷರು ಒಂದೇ ಮನೆಯಲ್ಲಿ ದೇಹಸಂಬಂಧವಿಲ್ಲದೆ ಬಾಳುವ ಪದ್ಧತಿ ಕೆಲವೆಡೆ ಇತ್ತು, ಚರ್ಚಿನ ಹಿರಿಯರು ಅದನ್ನು ಮತ್ತೆ ಮತ್ತೆ ಖಂಡಿಸಿದರು. ಆರನೆಯ ಶತಮಾನದ ಆರಂಭದಲ್ಲಿ ಗಾಲ್ ದೇಶದ (ಇಂದಿನ ಫ್ರಾನ್ಸಿನ) ಮೂವರು ಬಿಷಪ್ಪರು ಬ್ರಿಟನಿಯ ಇಬ್ಬರು ಪಾದ್ರಿಗಳಿಗೆ ಇಂಥ ಸಹವಾಸಿನಿಯರ ವಿಷಯವಾಗಿಯೇ ಎಚ್ಚರಿಕೆಯ ಪತ್ರ ಬರೆದಿದ್ದಾರೆ. ಐರ್ಲೆಂಡಿನಲ್ಲೇ ಸಂತ ಸ್ಕೊಹೀನನು ತನ್ನ ಇಂದ್ರಿಯನಿಗ್ರಹವನ್ನು ಒರೆಗೆ ಹಚ್ಚಲು ಇಬ್ಬರು ತರುಣಿಯರ ನಡುವೆ ಮಲಗುತ್ತಿದ್ದನೆಂಬ ಕತೆ ಇದೆ. ಇವೆಲ್ಲ ತಲೆಯಲ್ಲಿರುವ ಪಂಡಿತನಿಗೆ ಕ್ರೀನೋಗ್ ಹೆಂಗಸಾಗಿ ಕಂಡರೆ ಅದರಲ್ಲಿ ಅಚ್ಚರಿಯಿಲ್ಲ.

ಆದರೆ ಕವಿತೆಯನ್ನು ಸಾಲುಸಾಲಾಗಿ ಹಿಡಿದು ನೋಡಿದಾಗ ತಕ್ಕಡಿ ಬೇರೆಡೆಗೆ ವಾಲುತ್ತದೆ. ತಮ್ಮನ್ನು ಕಾಡಿದ ಏಳು ವರ್ಷದ ಲೆಕ್ಕವೇ ಬೀಗದ ಕೈ. ಮಠದ ಶಾಲೆಗೆ ಬಂದ ಬಾಲಕನು ಓದು ಬರಹವನ್ನು ಕಲಿಯುತ್ತಿದ್ದುದು ಕೀರ್ತನೆಗಳ ಮೂಲಕ. 150 ಕೀರ್ತನೆಗಳನ್ನು ‘ಮೂರು ಐವತ್ತು’ಗಳಾಗಿ ಪಾಲು ಮಾಡಿ ಬಾಯಿಪಾಠ ಮಾಡಿಸುತ್ತಿದ್ದರು. ಆಂಟ್ರಿಮ್ ಸೀಮೆಯ ಸ್ಪ್ರಿಂಗ್‌ಮೌಂಟ್ ಎಂಬಲ್ಲಿ ಜೌಗುನೆಲದಿಂದ 1914ರಲ್ಲಿ ಹೊರಬಂದ, ಸುಮಾರು ಕ್ರಿ.ಶ. 600ರ ಮೇಣದ ಹಲಗೆಗಳ ಮೇಲೆ ಕೊರೆದಿರುವುದು ಕೂಡ ಕೀರ್ತನೆಗಳನ್ನೇ. ಹೀಗಿರುವಾಗ ಏಳು ವರ್ಷದ ಹುಡುಗನ ಪಕ್ಕದಲ್ಲಿ ಮಲಗಿದ್ದ, ಕವಿ ‘ಜ್ಞಾನವತಿ’ ಎಂದು ಕರೆಯುವವಳು ಯಾರೆಂದು ಊಹಿಸುವುದು ಕಷ್ಟವಲ್ಲ. ಓದುತ್ತಾ ಓದುತ್ತಾ ಪುಸ್ತಕದ ಮೇಲೆ ನಿದ್ದೆ ಹೋಗದ ವಿದ್ಯಾರ್ಥಿ ಯಾವ ಕಾಲದಲ್ಲಿದ್ದಾನೆ?

ಉಳಿದ ವಿವರಗಳೂ ತಾವಾಗಿಯೇ ಕೂಡಿಕೊಳ್ಳುತ್ತವೆ. ಆ ನಾಲ್ವರು ಗಂಡಸರು ಅದೇ ಪ್ರತಿಯಿಂದ ಅವನ ನಂತರ ಪಾಠ ಹೇಳಿಸಿಕೊಂಡವರು. ಎಷ್ಟು ಕೈ ಬದಲಾದರೂ ದೇವರ ವಾಕ್ಯಕ್ಕೆ ಮೈಲಿಗೆಯಿಲ್ಲ. ಮುಖಕ್ಕೆ ಕವಿದ ಕಪ್ಪು ಎಂದರೆ ಕರುವಿನ ಚರ್ಮದ ಹಾಳೆಗಳು ಕೈಯ ಜಿಡ್ಡಿಗೂ ಹೊಗೆಗೂ ಕಂದಿದ ಬಣ್ಣ. ಅವಳ ಬುದ್ಧಿವಾದ ಎಲ್ಲಿ ಬೇಕಾದರೂ ಸಿದ್ಧವಾಗಿರುತ್ತದೆ, ಅರಸನೊಡನೆ ನಡೆಸುವ ನಯವಾದ ಮಾತುಕತೆಗಿಂತ ಅದು ಮೇಲು ಎಂಬ ಹೊಗಳಿಕೆಯೂ, ಲೋಕದ ಪ್ರತಿ ದಾರಿಯಲ್ಲೂ ಅವಳು ಸಂಚರಿಸಿದ್ದಾಳೆ ಎಂಬ ಮಾತೂ ಒಬ್ಬ ಹೆಂಗಸಿಗಿಂತ ಒಂದು ಗ್ರಂಥಕ್ಕೆ ಹೆಚ್ಚು ಒಪ್ಪುತ್ತವೆ. ಕೀರ್ತನೆಗಳ ಗ್ರಂಥಕ್ಕೆ ಐರಿಷ್‌ನಲ್ಲಿರುವ ‘ಸಾಲ್ತರ್’ ಎಂಬ ಪದ ಸ್ತ್ರೀಲಿಂಗ. ಆದ್ದರಿಂದ ಅದನ್ನು ಹೆಣ್ಣಾಗಿ ಕರೆಯುವುದು ಆ ಭಾಷೆಯಲ್ಲಿ ಬಲವಂತದ ರೂಪಕವಲ್ಲ; ವ್ಯಾಕರಣವೇ ಅರ್ಧ ದಾರಿ ಕರೆದೊಯ್ಯುತ್ತದೆ.

ಹಾಸಿಗೆಯ ಮಾತು ಏಕೆ ಎಂದು ಕೇಳಿದ್ದೀರಿ. ಅದು ಒಗಟಿನ ಮಾತು ಎಂಬುದು ನನ್ನ ಅಭಿಪ್ರಾಯ. ಆ ಕಾಲದ ಮಠಗಳಲ್ಲಿ ಒಗಟು ಕಟ್ಟುವುದು ವಿದ್ವತ್ತಿನ ಆಟವಾಗಿತ್ತು. ನೆರೆಯ ಇಂಗ್ಲೆಂಡಿನ ಸನ್ಯಾಸಿಗಳೂ ಲ್ಯಾಟಿನ್ನಿನಲ್ಲಿ ಮತ್ತು ತಮ್ಮ ಭಾಷೆಯಲ್ಲಿ ಪುಸ್ತಕ, ಲೇಖನಿ, ಶಾಯಿಗಳ ಬಗ್ಗೆ ಒಗಟುಗಳನ್ನು ಕಟ್ಟಿದ್ದಾರೆ. ನಾಲ್ವರೊಡನೆ ಮಲಗಿಯೂ ಕೆಡದವಳು ಯಾರು ಎಂದು ಕೇಳುಗನನ್ನು ಒಂದು ಕ್ಷಣ ಬೆಚ್ಚಿಬೀಳಿಸಿ ಅವನೇ ಬಿಡಿಸಿಕೊಳ್ಳಲಿ ಎಂದು ಕವಿ ಕಾಯುತ್ತಾನೆ. ಕವಿತೆಯ ಉದ್ದಕ್ಕೂ ಎಲ್ಲೂ ಅವನು ಉತ್ತರವನ್ನು ಬಾಯಿಬಿಟ್ಟು ಹೇಳುವುದಿಲ್ಲ. ಮೇಯರ್ ಅವರು ಒಗಟಿನ ಹೊರಮೈಯನ್ನು ನಿಷ್ಠೆಯಿಂದ ಓದಿದರು, ಕಾರ್ನಿ ಅದನ್ನು ಬಿಡಿಸಿದರು. ಅನುವಾದಕರು ಬಿಡಿಸದೆ ದಾಟಿಸಬೇಕು.

ಎರಡನೆಯ ಉತ್ತರ

ಮೇಲಿನ ಓದನ್ನು ನಾನೂ ಒಪ್ಪುತ್ತೇನೆ. ಆದರೆ ಪ್ರಶ್ನೆಯ ಇನ್ನೊಂದು ಭಾಗ, ಅಂದರೆ ಈ ಕವಿತೆ ಮೈಲ್ ಈಸುವಿನದೇ ಎಂಬ ವಿಷಯ, ಸ್ವಲ್ಪ ಎಚ್ಚರಿಕೆಯನ್ನು ಬೇಡುತ್ತದೆ.

ಅವನ ಬಗ್ಗೆ ನಮಗೆ ಗಟ್ಟಿಯಾಗಿ ತಿಳಿದಿರುವುದು ಅವನ ಸಾವು. ಅಲ್ಸ್ಟರಿನ ವಾರ್ಷಿಕ ದಾಖಲೆಗಳು 1086ರ ಅಡಿಯಲ್ಲಿ ಅವನನ್ನು ಜ್ಞಾನದಲ್ಲಿಯೂ ಭಕ್ತಿಯಲ್ಲಿಯೂ ‘ಎರಡೂ ಭಾಷೆಗಳ’ ಕಾವ್ಯದಲ್ಲಿಯೂ ನಿಷ್ಣಾತನೆಂದು ಐರಿಷ್‌ನಲ್ಲಿ ಹೊಗಳಿ, ‘ತನ್ನ ಉಸಿರನ್ನು ಬಿಟ್ಟನು’ ಎಂಬ ಕೊನೆಯ ಮಾತನ್ನು ಲ್ಯಾಟಿನ್ನಿನಲ್ಲಿ ಬರೆಯುತ್ತವೆ. ಎರಡು ಭಾಷೆಯ ಕವಿಗೆ ಎರಡು ಭಾಷೆಯಲ್ಲೇ ಬರೆದ ಈ ಒಂದು ಸಾಲಿಗಿಂತ ಒಪ್ಪವಾದ ಚರಮಲೇಖವನ್ನು ನಾನು ಕಂಡಿಲ್ಲ. ತೀರಿಕೊಂಡ ದಿನ ಜನವರಿ 16. ಸ್ಥಳ ದಕ್ಷಿಣದ ಮನ್ಸ್ಟರ್ ಪ್ರಾಂತದ ಲಿಸ್ಮೋರ್, ಏಳನೆಯ ಶತಮಾನದಲ್ಲಿ ಸಂತ ಮೊಖುದ ಸ್ಥಾಪಿಸಿದ ಹೆಸರಾಂತ ಮಠ. ಹುಟ್ಟು ಬೆಳವಣಿಗೆಯ ನಂಟು ಮಾತ್ರ ಉತ್ತರದ್ದು: ಉಅ ಬ್ರೊಲ್ಖಾನರು ಆರ್ಮಾ ಮತ್ತು ಡೆರಿಯ ಸುತ್ತಣ ಚರ್ಚ್ ವಲಯದಲ್ಲಿ ತಲೆಮಾರುಗಳ ಕಾಲ ಹೆಸರು ಮಾಡಿದ ಮನೆತನ. ಕವಿತೆಯಲ್ಲಿನ ನಿಯಲನ ನಾಡು ಇದಕ್ಕೆ ಹೊಂದುತ್ತದೆ. 1986ರಲ್ಲಿ ಈ ಕವಿಯ ಬಗ್ಗೆ ಪುಸ್ತಕ ಬರೆದ ವಿದುಷಿ ಮುರೆನ್ ನೀ ವ್ರೊಲ್ಖಾನ್ ಅವರ ಮನೆತನದ ಹೆಸರೂ ಇದೇ. ಸ್ತ್ರೀಯರ ಹೆಸರಿನಲ್ಲಿ ‘ಬ’ಕಾರ ಸಡಿಲಗೊಂಡು ‘ವ’ ಆಗಿದೆ, ಅಷ್ಟೆ.

‘ಮೈಲ್’ ಎಂದರೆ ತಲೆ ಬೋಳಿಸಿಕೊಂಡವನು, ಆ ಮೂಲಕ ಸೇವಕ. ‘ಈಸು’ ಎಂದರೆ ಯೇಸು. ನಮ್ಮಲ್ಲಿ ದೇವರ ಹೆಸರಿಗೆ ‘ದಾಸ’ ಸೇರಿದಂತೆಯೇ. ಈ ಹೆಸರು ಹಲವರಿಗೆ ಇತ್ತಾದ್ದರಿಂದ ಗೊಂದಲವೂ ಹೆಚ್ಚು. 1096ರಲ್ಲಿ ವಾಟರ್ಫರ್ಡಿನ ಮೊದಲ ಬಿಷಪ್ಪನಾಗಿ ಮುಂದೆ ಲಿಸ್ಮೋರಿನಲ್ಲೂ ಇದ್ದ ಮೈಲ್ ಈಸು ಉಅ ಆನ್ಮಿರೆ ಬೇರೊಬ್ಬ. ಹಾಗೆಯೇ ಲಿಸ್ಮೋರಿನ ಕೋಟೆಯ ಗೋಡೆಯೊಳಗೆ 1814ರಲ್ಲಿ ಸಿಕ್ಕ ‘ಲಿಸ್ಮೋರ್ ಗ್ರಂಥ’ವು ಹದಿನೈದನೆಯ ಶತಮಾನದ್ದು, ನಮ್ಮ ಕವಿಯ ಕೈಬರಹವಲ್ಲ.

ಅವನ ಸ್ವಹಸ್ತದ ಪ್ರತಿ ಯಾವುದೂ ಇಲ್ಲ. ಕವಿತೆಗಳು ಉಳಿದಿರುವುದು ಬಹುಮಟ್ಟಿಗೆ ಶತಮಾನಗಳ ನಂತರ ಬೇರೆಯವರು ನಕಲು ಮಾಡಿದ ಸಂಕಲನಗಳಲ್ಲಿ. ಹಾಗಾಗಿ ನಾನು ಎರಡು ಕಟ್ಟು ಮಾಡಿಕೊಂಡು ಓದುತ್ತೇನೆ: ಹಸ್ತಪ್ರತಿಯ ಪರಂಪರೆಯೇ ಅವನ ಹೆಸರು ಹೇಳುವ ಪ್ರಾರ್ಥನೆಗಳು ಒಂದು ಕಟ್ಟು, ಭಾಷೆ, ಶೈಲಿ, ಜೀವನದ ನಂಟುಗಳ ಮೇಲೆ ವಿದ್ವಾಂಸರು ಅವನಿಗೆ ಸಲ್ಲಿಸಿದವು ಇನ್ನೊಂದು. ‘ಕ್ರೀನೋಗ್’ ಈ ಎರಡನೆಯ ಕಟ್ಟಿನದು; ಅದು ಅವನದೇ ಎಂಬ ಕಾರ್ನಿಯವರ ವಾದ ನನಗೆ ಹಿಡಿಸುತ್ತದೆ. ಆದರೂ ಹಿಡಿಸುವುದು ಬೇರೆ, ಸಿದ್ಧವಾಗುವುದು ಬೇರೆ.

ಮೊದಲ ಕಟ್ಟಿನಲ್ಲಿ ನನಗೆ ಅತ್ಯಂತ ಪ್ರಿಯವಾದುದು ‘ಒಡೆಯನೇ, ನನ್ನನ್ನು ಕಾಯಿ’ ಎಂಬ ಪ್ರಾರ್ಥನೆ. ಅದರಲ್ಲಿ ಕವಿ ತನ್ನ ಅಂಗಾಂಗಗಳನ್ನು ಒಂದೊಂದಾಗಿ ದೇವರ ವಶಕ್ಕೆ ಒಪ್ಪಿಸುತ್ತಾನೆ. ಪರರ ಸಿರಿಯನ್ನು ಕಂಡು ಆಸೆಪಡದಂತೆ ನನ್ನ ಕಣ್ಣುಗಳನ್ನು ಕಾಯಿ, ಚಾಡಿಗೆ ಕಿವಿಗೊಡದಂತೆ ನನ್ನ ಕಿವಿಗಳನ್ನು ಕಾಯಿ, ಯಾರನ್ನೂ ಹೀನಾಯವಾಗಿ ಆಡದಂತೆ ನಾಲಿಗೆಯನ್ನು ಕಾಯಿ ಎಂದು ಸಾಗುತ್ತದೆ. ಅಲ್ಲಿ ‘ಸಿರಿ’ ಎಂಬುದಕ್ಕೆ ಬಳಸಿದ ಪದಕ್ಕೆ ದನಕರು ಎಂಬ ಅರ್ಥವೂ ಉಂಟು. ನಮ್ಮ ‘ಗೋಧನ’ವನ್ನು ನೆನಪಿಸುವ ಆ ಒಂದು ಪದದಿಂದ, ನಾಣ್ಯಕ್ಕಿಂತ ಹಸುವಿನಲ್ಲಿ ಬೆಲೆ ಕಟ್ಟುತ್ತಿದ್ದ ಒಂದು ಸಮಾಜವೇ ಕಣ್ಮುಂದೆ ಬರುತ್ತದೆ, ಅಂದರೆ ಈ ಸನ್ಯಾಸಿ ಹೆದರುತ್ತಿರುವುದು ನೆರೆಯವನ ಕೊಟ್ಟಿಗೆಯತ್ತ ಹೊರಳುವ ತನ್ನ ಕಣ್ಣಿಗೆ. ಎಂಟು ದುರ್ಗುಣಗಳನ್ನು ಕುರಿತ ಒಂದು ದೀರ್ಘ ಪದ್ಯವೂ ಅವನ ಹೆಸರಿನಲ್ಲಿದೆ. ಹೊಟ್ಟೆಬಾಕತನ, ಕಾಮ, ಲೋಭ, ಕೋಪ, ವಿಷಾದ, ಜಡತೆ, ಒಣಪ್ರತಿಷ್ಠೆ, ಅಹಂಕಾರ ಎಂಬ ಆ ಪಟ್ಟಿ ಐದನೆಯ ಶತಮಾನದ ಜಾನ್ ಕ್ಯಾಸಿಯನ್ ಎಂಬ ಸನ್ಯಾಸಿಯಿಂದ ಐರಿಷ್ ಮಠಗಳಿಗೆ ಬಂದದ್ದು. ರೋಗಕ್ಕೆ ಎದುರು ಗುಣದ ಮದ್ದು ಕೊಡುವಂತೆ ಪ್ರತಿ ದೋಷವನ್ನೂ ಅದರ ವಿರುದ್ಧ ಗುಣದಿಂದ ವಾಸಿ ಮಾಡಬೇಕೆಂಬುದು ಅಲ್ಲಿನ ಪ್ರಾಯಶ್ಚಿತ್ತ ಗ್ರಂಥಗಳ ಸೂತ್ರ. ಕಾವ್ಯವಾಗಿ ಆ ದೀರ್ಘ ಪದ್ಯ ನನ್ನನ್ನು ಅಷ್ಟಾಗಿ ಸೆಳೆಯಲಿಲ್ಲ.

ಮೂರನೆಯ ಉತ್ತರ

ಅನುವಾದದ ಮಾತು ಬಂದುದರಿಂದ ಛಂದಸ್ಸಿನ ಬಗ್ಗೆ ಕೆಲವು ಮಾತು ಸೇರಿಸುತ್ತೇನೆ.

ಈ ಕಾವ್ಯದಲ್ಲಿ ಲಘು ಗುರುಗಳ ಲೆಕ್ಕವಿಲ್ಲ. ಸಾಲಿಗೆ ಇಷ್ಟು ಅಕ್ಷರ ಎಂಬುದೇ ನಿಯಮ. ‘ಕ್ರೀನೋಗ್’ ಕವಿತೆಯಲ್ಲಿ ಸಾಲಿಗೆ ಏಳು ಅಕ್ಷರ, ನಾಲ್ಕು ಸಾಲಿಗೆ ಒಂದು ಪದ್ಯ. ಪ್ರಾಸ ಮಾತ್ರ ನಮಗಿಂತ ಸೂಕ್ಷ್ಮವಾದ ಬೇರೊಂದು ದಾರಿ ಹಿಡಿದಿದೆ. ಮೊದಲ ಪದ್ಯದ ಎರಡನೆಯ ಸಾಲು ‘ಫೀಅಲ್’ ಎಂದೂ ನಾಲ್ಕನೆಯದು ‘ರೀಅವ್’ ಎಂದೂ ಮುಗಿಯುತ್ತವೆ. ಲಕಾರಕ್ಕೂ ವಕಾರಕ್ಕೂ ಪ್ರಾಸವೇ ಎಂದು ನಾವು ಹುಬ್ಬೇರಿಸಬಹುದು. ಐರಿಷ್ ಕವಿಗಳು ವ್ಯಂಜನಗಳನ್ನು ಉಚ್ಚಾರದ ಗುಣಕ್ಕನುಸಾರವಾಗಿ ಗುಂಪುಗಳಾಗಿ ವಿಂಗಡಿಸಿ, ಸ್ವರ ಒಂದೇ ಆಗಿದ್ದು ವ್ಯಂಜನಗಳು ಒಂದೇ ಗುಂಪಿನವಾಗಿದ್ದರೆ ಅದನ್ನು ನಿರ್ದೋಷ ಪ್ರಾಸವೆಂದು ಎಣಿಸುತ್ತಿದ್ದರು. ಒಂದೇ ವರ್ಗದ ವ್ಯಂಜನಗಳನ್ನು ಪ್ರಾಸವೆಂದು ಒಪ್ಪುವ ನಮ್ಮ ಲಾಕ್ಷಣಿಕರ ವರ್ಗಪ್ರಾಸವನ್ನು ಬಲ್ಲವರಿಗೆ ಇದು ತೀರ ಅಪರಿಚಿತವೆನಿಸದು. ಇದಲ್ಲದೆ ಮೊದಲ ಸಾಲಿನ ‘ಕ್ರೀನೋಗ್’ ಎಂಬ ಹೆಸರಿಗೆ ಎರಡನೆಯ ಸಾಲಿನ ನಡುವೆ ‘ಫೀರೋಗ್’ (ನಿಜವಾಗಿ ಎಳೆಯಳು) ಎಂಬ ಪದ ಒಳಪ್ರಾಸವಾಗಿ ಬಂದಿದೆ. ‘ಕ್ರೀನ್’ ಎಂದರೆ ಒಣಗಿದ, ಬಾಡಿದ, ಮುದಿಯಾದ. ‘ಓಗ್’ ಎಂದರೆ ಎಳೆಯ, ಜೊತೆಗೆ ಮುದ್ದಿನ ಪ್ರತ್ಯಯವೂ ಹೌದು. ಮುಪ್ಪು ಮತ್ತು ಎಳತನ ಎರಡನ್ನೂ ಹೆಸರಿನಲ್ಲೇ ಕಟ್ಟಿಟ್ಟು, ಮುಂದಿನ ಸಾಲಿನಲ್ಲಿ ‘ನೀನು ನಿಜಕ್ಕೂ ಎಳೆಯಳಲ್ಲ’ ಎಂದು ಅದನ್ನು ಬಿಚ್ಚುತ್ತಾನೆ.

ಇನ್ನೂ ಒಂದು ನಿಯಮವನ್ನು ಅನುವಾದಕರು ಕಡೆಗಣಿಸಬಾರದು. ಐರಿಷ್ ಪದ್ಯವು ಮೊದಲಾದ ಪದಕ್ಕೆ, ಅಥವಾ ಅದರ ತುಣುಕಿಗೆ, ಮರಳಿ ಬಂದು ಮುಗಿಯಬೇಕು; ‘ದೂನದ್’, ಅಂದರೆ ಮುಚ್ಚುವಿಕೆ, ಎಂದು ಅದರ ಹೆಸರು. ನಮ್ಮ ಬಾಡಿದ ದೇಹಗಳನ್ನು ಬಿಟ್ಟು ಹೊರಡುವಾಗ ಅರಸನ, ಅಂದರೆ ದೇವರ, ಮುಖ ನಮ್ಮ ಮೇಲೆ ಬೆಳಗಲಿ ಎಂದು ಕೊನೆಯ ಪದ್ಯ ಹಾರೈಸುತ್ತದೆ, ಅಲ್ಲಿ ‘ಬಾಡಿದ’ ಎಂಬುದಕ್ಕೆ ಇರುವ ಪದ ಅದೇ ‘ಕ್ರೀನ್’. ಹತ್ತು ಪದ್ಯಗಳ ಉದ್ದಕ್ಕೂ ಪುಸ್ತಕಕ್ಕೆ ಸಲ್ಲುತ್ತಿದ್ದ ವಿಶೇಷಣ ಕೊನೆಗೆ ಓದುಗನ ಮೈಗೆ ಬಂದು ಅಂಟುತ್ತದೆ. ಹೆಣ್ಣೋ ಪುಸ್ತಕವೋ ಎಂಬ ಚರ್ಚೆಯಲ್ಲಿ ಈ ತಿರುವು ಹೆಚ್ಚಿನವರ ಗಮನಕ್ಕೆ ಬೀಳುವುದಿಲ್ಲ ಎಂಬುದು ನನ್ನ ದೂರು.

ಇದೇ ಕವಿಯ ‘ದೇವುಸ್ ಮೇವುಸ್’ ಎಂಬ ಪ್ರಾರ್ಥನೆಯನ್ನು ಐರ್ಲೆಂಡಿನ ಚರ್ಚುಗಳಲ್ಲಿ ಇಂದಿಗೂ ಹಾಡುತ್ತಾರೆ. ಪ್ರತಿ ಪದ್ಯದಲ್ಲಿ ಒಂದು ಲ್ಯಾಟಿನ್ ಸಾಲು, ಒಂದು ಐರಿಷ್ ಸಾಲು. ಅದೇ ಐರಿಷ್ ಸಾಲು ಮತ್ತೊಮ್ಮೆ, ಅದೇ ಲ್ಯಾಟಿನ್ ಸಾಲು ಮತ್ತೊಮ್ಮೆ. ‘ನನ್ನ ದೇವರೇ, ನನಗೆ ನೆರವಾಗು’ ಎಂದು ಲ್ಯಾಟಿನ್ ಹೇಳಿದರೆ ‘ನಿನ್ನ ಒಲವನ್ನು ನನಗೆ ಕೊಡು, ನನ್ನ ದೇವರ ಮಗನೇ’ ಎಂದು ಐರಿಷ್ ಹೇಳುತ್ತದೆ. ಲ್ಯಾಟಿನ್ನಿನ ‘ಮೇ’ಗೆ ಐರಿಷ್‌ನ ‘ದೇ’ ಪ್ರಾಸ. ಎರಡು ಭಾಷೆ ಬೆರೆಸಿ ಬರೆಯುವ ಮಣಿಪ್ರವಾಳವೆಂದರೆ ಪಾಂಡಿತ್ಯದ ಪ್ರದರ್ಶನ ಎಂದುಕೊಂಡವರು ಇದನ್ನು ಓದಬೇಕು: ಇಲ್ಲಿ ಆರಾಧನೆಯ ಭಾಷೆ ಕೇಳುತ್ತದೆ, ಮನೆಯ ಭಾಷೆ ಏನು ಬೇಕೆಂಬುದನ್ನು ಹೇಳುತ್ತದೆ.

ಪವಿತ್ರಾತ್ಮನನ್ನು ಕರೆಯುವ ಇನ್ನೊಂದು ಪುಟ್ಟ ಪದ್ಯದಲ್ಲಿ ಸಾಲಿಗೆ ಆರೇ ಅಕ್ಷರ. ‘ಇಮ್ಮುನ್, ಇನ್ನುನ್, ಒಕುನ್, ಖುಕುನ್’ ಎಂದು ಒಂದರ ಹಿಂದೆ ಒಂದು ಬರುವ ಪದಗಳಿಗೆ ‘ನಮ್ಮ ಸುತ್ತ, ನಮ್ಮೊಳಗೆ, ನಮ್ಮೊಡನೆ, ನಮ್ಮೆಡೆಗೆ’ ಎಂದು ಅರ್ಥ. ಆ ಭಾಷೆಯಲ್ಲಿ ‘ನಮ್ಮ’ ಎಂಬ ಅಂಶ ಪದದ ಬಾಲದಲ್ಲಿ ಸೇರಿ ಅಂತ್ಯಪ್ರಾಸವಾಗುತ್ತದೆ. ಕನ್ನಡಿಸಿದ ಕೂಡಲೇ ಅದು ಪದದ ತಲೆಗೆ ಬಂದು, ನಾವು ಏನೂ ಮಾಡದೆಯೇ ಆದಿಪ್ರಾಸವಾಗಿ ನಿಲ್ಲುತ್ತದೆ. ಅನುವಾದಕರಿಗೆ ಇಂಥ ಅದೃಷ್ಟ ಅಪರೂಪ.

ಪ್ರಶ್ನೆ ಕೇಳಿದವರಿಂದ

ಮೂವರಿಗೂ ಕೃತಜ್ಞತೆಗಳು. ‘ಅವಳು’ ಮತ್ತು ‘ಅದು’ಗಳ ನಡುವೆ ಸಿಕ್ಕಿಕೊಂಡಿದ್ದ ನನಗೆ, ಕವಿತೆ ಮಾತಾಡುವುದು ‘ನೀನು’ ಎಂದು, ಕನ್ನಡದ ‘ನೀನು’ವಿಗೆ ಲಿಂಗವಿಲ್ಲ ಎಂಬ ಸರಳ ಸಂಗತಿ ಈಗ ಹೊಳೆಯಿತು. ಒಗಟನ್ನು ಬಿಡಿಸದೆ ದಾಟಿಸಲು ಅಷ್ಟು ಸಾಕು. ತೊಂದರೆ ಉಳಿಯುವುದು ಹೆಸರಿನಲ್ಲಿ. ‘ಕ್ರೀನೋಗ್’ ಎಂದೇ ಇಟ್ಟರೆ ಮುಪ್ಪಿನ ಅರ್ಥ ಸತ್ತುಹೋಗುತ್ತದೆ, ಕೊನೆಯ ಸಾಲಿನ ಮರಳುವಿಕೆಯೂ ಕೇಳಿಸುವುದಿಲ್ಲ. ‘ಮುದುಕಿ’ ಎಂದರೆ ಪುಸ್ತಕ ಸತ್ತುಹೋಗುತ್ತದೆ. ‘ಹಣ್ಣೆಲೆ’ ಎಂದು ಕರೆದರೆ ಹೇಗೆ? ಅದರಲ್ಲಿ ಮುಪ್ಪೂ ಇದೆ, ಬರೆಯುವ ಎಲೆಯೂ ಇದೆ, ದೂರದಲ್ಲಿ ‘ಹೆಣ್ಣು’ ಎಂಬುದರ ಸದ್ದೂ ಇದೆ.

ಮೊದಲ ಪದ್ಯವನ್ನು ಹೀಗೆ ಮಾಡಿದ್ದೇನೆ:

ಹಣ್ಣೆಲೆಯೆ, ಇನಿದು ನಿನ್ನಯ ಹಾಡು ಇಂದಿಗೂ;
ಸಣ್ಣವಯಸಿನದಲ್ಲ, ನಾಚಿಕೆಯು ಮಾಸಿಲ್ಲ;
ಕಣ್ಣು ತೆರೆದೆವು ಬಡಗ ನಿಯಲನಾ ನಾಡಿನಲಿ,
ತಣ್ಣನೆಯ ನಿದ್ದೆಯಲಿ ಜೊತೆಗೆ ಮಲಗಿದೆವಂದು.

ಮೊದಲ ಉತ್ತರ ಬರೆದವರಿಂದ

‘ಕಣ್ಣು ತೆರೆದೆವು’ ಮೂಲದಲ್ಲಿಲ್ಲ. ಅಲ್ಲಿ ‘ಬೆಳೆದೆವು’ ಎಂದಿದೆ. ಆದರೆ ಅಕ್ಷರ ಕಲಿಯುವುದಕ್ಕೂ ಆ ಮಾತು ಸಲ್ಲುವುದರಿಂದ ನಾನು ಆಕ್ಷೇಪಿಸಲಾರೆ. ಎರಡನೆಯ ಸಾಲಿನ ಮೊದಲ ಪದ ಮಾತ್ರ ನನಗೆ ಕಿರಿಕಿರಿ ಮಾಡುತ್ತದೆ. ಒಗಟು ಕೇಳುಗನನ್ನು ಮೊದಲು ದಾರಿ ತಪ್ಪಿಸಬೇಕು. ‘ಸಣ್ಣವಯಸಿನದಲ್ಲ’ ಎಂದು ಅಲ್ಲಿಯೇ ನಪುಂಸಕಲಿಂಗ ತಂದರೆ ಗುಟ್ಟು ರಟ್ಟಾಯಿತು. ‘ಸಣ್ಣವಳು ನೀನಲ್ಲ’ ಎಂದು ಧೈರ್ಯವಾಗಿ ಬರೆಯಿರಿ. ಕೊನೆಯ ಪದ್ಯವನ್ನು ‘ಹಣ್ಣೆಲೆ’ಗೆ ಮರಳಿಸುವುದು ಸಾಧ್ಯವಾಯಿತೇ?

ಪ್ರಶ್ನೆ ಕೇಳಿದವರಿಂದ

‘ಸಣ್ಣವಳು ನೀನಲ್ಲ’ ಎಂದು ತಿದ್ದಿಕೊಂಡೆ. ಕೊನೆಯ ಪದ್ಯದ ಮೊದಲೆರಡು ಸಾಲು ಇನ್ನೂ ಕೂಡಿಬಂದಿಲ್ಲ. ಮುಗಿಯುವ ಎರಡು ಸಾಲುಗಳಲ್ಲಿ ‘ಮಣ್ಣು’ ನಾನೇ ಪ್ರಾಸಕ್ಕಾಗಿ ತಂದುಕೊಂಡದ್ದು, ಉಳಿದದ್ದು ಮೂಲದ್ದು:

ಕಣ್ಣ ಮುಂದರಸನಾ ಮೊಗವು ಬೆಳಗಲಿ, ನಾವು
ಮಣ್ಣಿಗೊಪ್ಪಿಸುವಂದು ಒಡಲ ಹಣ್ಣೆಲೆಯ.